ಹಾರಲು ಬಲ್ಲವನಿಗೆ ಹಡಗೂ ಬರಬೇಕು: ಅಡ್ಮಿರಲ್ ತಹಿಲಿಯಾನಿ ಮತ್ತು ನೌಕಾ ವಿಮಾನದಳ

ಸೈನ್ಯದ ಮಾತು ಬಂದರೆ ಕನ್ನಡಿಗರ ಬಾಯಲ್ಲಿ ಮೊದಲು ಬರುವ ಹೆಸರು ಕೊಡಗು. ಕಾರ್ಯಪ್ಪ, ತಿಮ್ಮಯ್ಯ ಇಬ್ಬರನ್ನೂ ಶಾಲೆಯ ಮಕ್ಕಳು ಬಲ್ಲರು. ನೌಕಾದಳದ ಒಬ್ಬ ಮುಖ್ಯಸ್ಥನ ಹೆಸರು ಹೇಳಿ ಎಂದರೆ ಮಾತ್ರ ಓದಿಕೊಂಡವರೂ ತಡವರಿಸುತ್ತಾರೆ. ಮುನ್ನೂರು ಕಿಲೋಮೀಟರಿಗೂ ಮಿಕ್ಕಿ ಕರಾವಳಿ ಇರುವ ನಾಡಿನವರ ಪಾಡೇ ಹೀಗಾದರೆ, ನಂಗವಳ್ಳಿ, ಮೇಟೂರು, ಧರ್ಮಪುರಿ ಕಡೆಯ ನಮ್ಮಂಥ ಒಳನಾಡಿನ ಕನ್ನಡಿಗರ ಮಾತು ಕೇಳುವುದೇ ಬೇಡ. ನಾವು ಕಣ್ಣಾರೆ ಕಂಡ ದೊಡ್ಡ ನೀರು ಎಂದರೆ ಮೇಟೂರು ಅಣೆಕಟ್ಟಿನ ಹಿನ್ನೀರು. ಆದರೂ ಭಾರತೀಯ ನೌಕಾದಳದ ವಿಮಾನ ವಿಭಾಗದ ಕಥೆ ನಮಗೆ ಅಷ್ಟೊಂದು ದೂರದ್ದಲ್ಲ. ಅದರ ಮೊದಲ ಜೆಟ್ ವಿಮಾನಗಳು ಭಾರತದಲ್ಲಿ ನೆಲೆ ಕಂಡದ್ದು ಕೊಯಮತ್ತೂರಿನ ಪಕ್ಕದ ಸೂಲೂರಿನಲ್ಲಿ. ಅದರ ಅತಿ ಭಾರಿ ವಿಮಾನಗಳು ಕಾಲು ಶತಮಾನ ಹಾರಿದ್ದು ಅರಕ್ಕೋಣದಿಂದ. ಅದರ ಹೆಲಿಕಾಪ್ಟರುಗಳೂ ತರಬೇತಿ ವಿಮಾನಗಳೂ ತಯಾರಾದದ್ದು ಬೆಂಗಳೂರಿನ ಎಚ್‌ಎಎಲ್‌ನಲ್ಲಿ. ಇಂದು ದೇಶದ ವಿಮಾನವಾಹಕ ಹಡಗು ಲಂಗರು ಹಾಕುವುದು ಕಾರವಾರದಲ್ಲಿ. ಇವೆಲ್ಲವನ್ನೂ ಒಂದೇ ದಾರದಲ್ಲಿ ಪೋಣಿಸಿ ಹೇಳಬೇಕೆಂದರೆ ಒಬ್ಬ ಮನುಷ್ಯನ ವೃತ್ತಿಜೀವನವನ್ನು ಹಿಡಿದು ಹೊರಡುವುದು ಸುಲಭ. ಆತ ಕನ್ನಡಿಗನಲ್ಲ, ಸಿಂಧಿ. ಹೆಸರು ರಾಧಾಕೃಷ್ಣ ಹರಿರಾಮ್ ತಹಿಲಿಯಾನಿ.

1961ರ ಮೇ 18ರಂದು ಐಎನ್‌ಎಸ್ ವಿಕ್ರಾಂತ್ ಹಡಗಿನ ಮೇಲೆ ಸೀ ಹಾಕ್ ಜೆಟ್ ಇಳಿಸಿದವರು ಲೆಫ್ಟಿನೆಂಟ್ ತಹಿಲಿಯಾನಿ. ಭಾರತದ ವಿಮಾನವಾಹಕ ಹಡಗಿನ ಮೇಲೆ ಭಾರತೀಯ ಪೈಲಟ್ ಒಬ್ಬ ಜೆಟ್ ಇಳಿಸಿದ್ದು ಅದೇ ಮೊದಲು. ಇಪ್ಪತ್ಮೂರು ವರ್ಷ ಕಳೆದು, 1984ರ ಡಿಸೆಂಬರ್ 1ರಂದು ಅವರು ಇಡೀ ನೌಕಾದಳದ ಮುಖ್ಯಸ್ಥರಾದರು. ನೌಕಾ ಪೈಲಟ್ ಒಬ್ಬ ಆ ಕುರ್ಚಿಯಲ್ಲಿ ಕೂತದ್ದೂ ಅದೇ ಮೊದಲು. ಸ್ಮರಣ ಸಂಚಿಕೆಗಳಲ್ಲಿ ಸಾಮಾನ್ಯವಾಗಿ ಮೊದಲನೆಯ ಘಟನೆಗೇ ಫೋಟೋ, ಶೀರ್ಷಿಕೆ ಎಲ್ಲ ಸಲ್ಲುತ್ತವೆ. ನನ್ನ ಮಟ್ಟಿಗೆ ಎರಡನೆಯದು ಹೆಚ್ಚಿನದು. ಧೈರ್ಯ, ಕೌಶಲ ಎರಡೂ ಇದ್ದ ಪೈಲಟ್ ಒಬ್ಬ ಡೆಕ್ ಮೇಲೆ ಇಳಿಯಬಲ್ಲ. ಆದರೆ ಅಂಥವನು ದೊಡ್ಡವನಾದ ಮೇಲೆ ಹಡಗುಗಳನ್ನೂ ಬಂದರುಗಳನ್ನೂ ಆಳುವಂತೆ ಬೆಳೆಸುವುದು ಸಂಸ್ಥೆಯ ಕೆಲಸ. ಆ ಕೆಲಸ ಹೇಗಾಯಿತು ಎಂಬುದೇ ಈ ಲೇಖನದ ವಿಷಯ.

ಇದಕ್ಕೆ ಸ್ವಲ್ಪ ಹಿಂದಕ್ಕೆ ಹೋಗಬೇಕು. ಬ್ರಿಟನ್ನಿನಲ್ಲಿ 1918ರ ಏಪ್ರಿಲ್‌ನಲ್ಲಿ ವಾಯುಪಡೆ ಹುಟ್ಟಿದಾಗ ನೌಕಾದಳದ ವಿಮಾನಗಳನ್ನೂ ಪೈಲಟ್‌ಗಳನ್ನೂ ಅದರೊಳಕ್ಕೆ ಸೇರಿಸಿಬಿಟ್ಟರು. ಹಡಗು ಒಬ್ಬರ ಕೈಯಲ್ಲಿ, ಹಡಗಿನ ಮೇಲಿನ ವಿಮಾನ ಇನ್ನೊಬ್ಬರ ಕೈಯಲ್ಲಿ. ಎರಡು ದಶಕ ಈ ಜಗಳ ನಡೆಯಿತು. 1937ರಲ್ಲಿ ತೀರ್ಮಾನ ನೌಕಾದಳದ ಪರ ಆಗಿ, 1939ರಲ್ಲಿ ವಿಮಾನಗಳು ಮರಳಿ ಬಂದಾಗ ಎರಡನೆಯ ಮಹಾಯುದ್ಧ ಬಾಗಿಲಲ್ಲಿ ನಿಂತಿತ್ತು. ನಡುವಿನ ಇಪ್ಪತ್ತು ವರ್ಷಗಳಲ್ಲಿ ಆ ನೌಕಾದಳದಲ್ಲಿ ವಿಮಾನ ಬಲ್ಲ ಹಿರಿಯ ಅಧಿಕಾರಿಗಳ ಒಂದು ತಲೆಮಾರೇ ಬೆಳೆಯಲಿಲ್ಲ. ಅಮೆರಿಕ ಮತ್ತು ಜಪಾನ್ ಇಂಥ ತಪ್ಪು ಮಾಡಲಿಲ್ಲ. ಅಲ್ಲಿ ವಿಮಾನ ಮೊದಲಿನಿಂದಲೂ ನೌಕಾದಳದ್ದೇ ಆಗಿತ್ತು. ಪೆಸಿಫಿಕ್ ಸಾಗರದ ಯುದ್ಧ ವಿಮಾನವಾಹಕ ಹಡಗುಗಳ ಯುದ್ಧವಾದದ್ದು ಆ ಕಾರಣಕ್ಕೇ.

ಸ್ವತಂತ್ರ ಭಾರತ ಈ ಪಾಠವನ್ನು ಓದಿಕೊಂಡೇ ಹೊರಟಿತು ಎನ್ನಬೇಕು. ನಮ್ಮಲ್ಲಿ ಮೊದಲ ನೌಕಾ ವಿಮಾನ ನಿಲ್ದಾಣ ಐಎನ್‌ಎಸ್ ಗರುಡ 1953ರ ಮೇ 11ರಂದು ಕೊಚ್ಚಿಯಲ್ಲಿ ಶುರುವಾಯಿತು. ಆಗ ಇದ್ದ ವಿಮಾನಗಳು ಸೀಲ್ಯಾಂಡ್ ಎಂಬ ಹೆಸರಿನವು. ನೀರಿನ ಮೇಲೂ ಇಳಿಯುತ್ತಿದ್ದವು, ನೆಲದ ಮೇಲೂ ಇಳಿಯುತ್ತಿದ್ದವು. ಯುದ್ಧ ವಿಮಾನಗಳೇ ಅಲ್ಲ. ನಮ್ಮ ಹಡಗುಗಳ ತೋಪಿನವರಿಗೆ ಗುರಿ ಅಭ್ಯಾಸ ಮಾಡಿಸಲು ಬಟ್ಟೆಯ ಗುರಿಯನ್ನು ಹಿಂದೆ ಎಳೆದುಕೊಂಡು ಹಾರುವುದು ಅಂದಿನ ನೌಕಾ ಪೈಲಟ್‌ಗಳ ದೊಡ್ಡ ಕೆಲಸ. ಆಮೇಲೆ ಫೈರ್‌ಫ್ಲೈ ವಿಮಾನಗಳು ಬಂದವು. ಬೆಂಗಳೂರಿನಲ್ಲಿ ವಿ. ಎಂ. ಘಾಟಗೆಯವರ ತಂಡ ರೂಪಿಸಿದ ಎಚ್‌ಟಿ-2 ತರಬೇತಿ ವಿಮಾನವೂ ನೌಕಾದಳಕ್ಕೆ ಬಂತು. 1951ರಲ್ಲಿ ಮೊದಲು ಹಾರಿದ ಆ ಪುಟ್ಟ ವಿಮಾನ ಸ್ವತಂತ್ರ ಭಾರತದಲ್ಲಿ ರೂಪುಗೊಂಡ ಮೊದಲ ವಿಮಾನ. ಇದೇ ಘಾಟಗೆಯವರು ಮುಂದೆ ರೂಪಿಸಿದ ಕಿರಣ್ ಜೆಟ್ ಕೂಡ ನೌಕಾದಳದ ಎಳೆಯ ಪೈಲಟ್‌ಗಳನ್ನು ಗೋವಾದಲ್ಲಿ ದಶಕಗಳ ಕಾಲ ತಯಾರು ಮಾಡಿತು.

ವಿಮಾನ ಇದ್ದರೂ ಅದನ್ನು ಹೊರುವ ಹಡಗು ಇರಲಿಲ್ಲ. ಅದು ಸಿಕ್ಕಿದ್ದು ಅರ್ಧಕ್ಕೆ ನಿಂತ ಕಟ್ಟಡ ಸಿಕ್ಕಿದ ಹಾಗೆ. ಬ್ರಿಟನ್ 1943ರಲ್ಲಿ ಹರ್ಕ್ಯುಲಿಸ್ ಎಂಬ ಹಡಗು ಕಟ್ಟಲು ಶುರುಮಾಡಿತ್ತು. 1945ರಲ್ಲಿ ಅದನ್ನು ನೀರಿಗಿಳಿಸಿದಾಗ ಯುದ್ಧ ಮುಗಿದಿತ್ತು. ಮುಂದಿನ ವರ್ಷ ಕೆಲಸ ನಿಂತು, ಹಡಗು ಹತ್ತು ವರ್ಷ ಸುಮ್ಮನೆ ಬಿದ್ದಿತ್ತು. 1957ರಲ್ಲಿ ಭಾರತ ಅದನ್ನು ಕೊಂಡು, ಬೆಲ್‌ಫಾಸ್ಟ್‌ನಲ್ಲಿ ಹೊಸ ಕಾಲಕ್ಕೆ ತಕ್ಕಂತೆ ಮುಗಿಸಿಕೊಂಡಿತು. 1961ರ ಮಾರ್ಚ್ 4ರಂದು, ಬ್ರಿಟನ್ನಿನಲ್ಲಿ ನಮ್ಮ ಹೈಕಮಿಷನರ್ ಆಗಿದ್ದ ವಿಜಯಲಕ್ಷ್ಮಿ ಪಂಡಿತರ ಸಮ್ಮುಖದಲ್ಲಿ, ವಿಕ್ರಾಂತ್ ಎಂಬ ಹೆಸರಿನಲ್ಲಿ ಅದು ನೌಕಾದಳ ಸೇರಿತು. ಅದಕ್ಕೆ ಮೊದಲೇ, 1960ರಲ್ಲಿ, ಬ್ರಿಟನ್ನಿನ ವೇಲ್ಸ್ ಸೀಮೆಯ ಬ್ರಾಡಿ ಎಂಬಲ್ಲಿ ಸೀ ಹಾಕ್ ಜೆಟ್‌ಗಳ 300ನೇ ಸ್ಕ್ವಾಡ್ರನ್ ತಯಾರಾಗಿತ್ತು. ಬಿಳಿ ಹುಲಿ ಅದರ ಲಾಂಛನ. ಜಲಾಂತರ್ಗಾಮಿಗಳನ್ನು ಹುಡುಕುವ ಅಲಿಝೆ ವಿಮಾನಗಳ 310ನೇ ಸ್ಕ್ವಾಡ್ರನ್ ಫ್ರಾನ್ಸಿನಲ್ಲಿ ಹುಟ್ಟಿತು. ಬಿಳಿ ಹುಲಿಗಳಲ್ಲಿ ಒಬ್ಬರು ತಹಿಲಿಯಾನಿ.

ಆ ಮೇ ತಿಂಗಳಲ್ಲಿ ವಿಕ್ರಾಂತ್ ಇನ್ನೂ ಯೂರೋಪಿನ ಕಡಲಲ್ಲೇ ಇತ್ತು. ಹಡಗಿನ ಮೇಲೆ ಜೆಟ್ ಇಳಿಸುವುದು ಎಂದರೆ ಏನೆಂದು ನಮ್ಮ ಕಡೆಯ ಅಳತೆಯಲ್ಲೇ ಹೇಳಬಹುದು. ವಿಕ್ರಾಂತ್‌ನ ಉದ್ದ 700 ಅಡಿ. ಮೇಟೂರು ಅಣೆಕಟ್ಟಿನ ಉದ್ದಕ್ಕೆ ಅಂಥ ಏಳೆಂಟು ಹಡಗುಗಳನ್ನು ಸಾಲಾಗಿ ನಿಲ್ಲಿಸಬಹುದು. ಆ 700 ಅಡಿಯೂ ಇಳಿಯಲು ಸಿಗುವುದಿಲ್ಲ. ಡೆಕ್ಕಿನ ಹಿಂಭಾಗದಲ್ಲಿ, ಸ್ವಲ್ಪ ಓರೆಯಾಗಿ ಬಳಿದ ಪಟ್ಟಿಯೊಂದರಲ್ಲಿ, ಅಡ್ಡಡ್ಡ ಬಿಗಿದ ಉಕ್ಕಿನ ತಂತಿಗಳ ನಡುವೆ ವಿಮಾನದ ಬಾಲದ ಕೊಕ್ಕೆ ಬಂದು ಸಿಕ್ಕಿಕೊಳ್ಳಬೇಕು. ಹಡಗು ನಿಂತಲ್ಲಿ ನಿಂತಿರುವುದಿಲ್ಲ. ಅದು ಗಾಳಿಗೆ ಎದುರಾಗಿ ಓಡುತ್ತಿರುತ್ತದೆ, ಜೊತೆಗೆ ಅಲೆಯ ಮೇಲೆ ಏರಿಳಿಯುತ್ತಿರುತ್ತದೆ. ಹಡಗಿನ ಓಟ ಮತ್ತು ಎದುರುಗಾಳಿ ಎರಡೂ ಕೂಡಿದಷ್ಟು ಪೈಲಟ್‌ಗೆ ಅನುಕೂಲ. ಡೆಕ್ಕಿನ ಲೆಕ್ಕದಲ್ಲಿ ವಿಮಾನದ ವೇಗ ಅಷ್ಟು ಕಡಿಮೆಯಾಗುತ್ತದೆ.

ಇಳಿಯುವವನ ಕಣ್ಣಿಗೆ ಆಧಾರ ಡೆಕ್ಕಿನ ಎಡಗಡೆ ಇಟ್ಟ ದೊಡ್ಡ ಕನ್ನಡಿ. ಅದರಲ್ಲಿ ಒಂದು ದೀಪದ ಪ್ರತಿಬಿಂಬ ಕಾಣುತ್ತದೆ, ಎರಡು ಪಕ್ಕದಲ್ಲಿ ಹಸಿರು ದೀಪಗಳ ಸಾಲು. ಪ್ರತಿಬಿಂಬ ಹಸಿರು ಸಾಲಿನ ಮಟ್ಟಕ್ಕೇ ಇದ್ದರೆ ಬರುತ್ತಿರುವ ಇಳಿಜಾರು ಸರಿ. ಮೇಲೆ ಹೋದರೆ ಎತ್ತರದಲ್ಲಿದ್ದೇನೆ, ಕೆಳಗೆ ಹೋದರೆ ತಗ್ಗಿನಲ್ಲಿದ್ದೇನೆ ಎಂದು ಪೈಲಟ್ ತಿಳಿಯಬೇಕು. ತಗ್ಗಿನಲ್ಲಿದ್ದರೆ ಮುಂದೆ ಇರುವುದು ಹಡಗಿನ ಹಿಂಬದಿಯ ಉಕ್ಕಿನ ಗೋಡೆ. ಚಕ್ರ ಡೆಕ್ಕಿಗೆ ತಾಗಿದ ಗಳಿಗೆಯಲ್ಲಿ ಪೈಲಟ್ ಮಾಡುವ ಕೆಲಸ ನೆಲದ ಪೈಲಟ್‌ಗೆ ವಿಚಿತ್ರವಾಗಿ ಕಂಡೀತು. ಎಂಜಿನ್ ತಗ್ಗಿಸುವುದಿಲ್ಲ, ಪೂರ್ತಿ ತೆರೆಯುತ್ತಾನೆ. ಕೊಕ್ಕೆ ತಂತಿಗೆ ಸಿಕ್ಕರೆ ವಿಮಾನ ಹೇಗೂ ನಿಲ್ಲುತ್ತದೆ. ಸಿಗದಿದ್ದರೆ ಓರೆಪಟ್ಟಿಯ ಕೊನೆಯಿಂದ ಮತ್ತೆ ಮೇಲೇರಲು ಆ ಶಕ್ತಿ ಬೇಕೇ ಬೇಕು. ಓರೆ ಡೆಕ್, ಇಳಿಯುವವರ ಕನ್ನಡಿ, ಆವಿಯಿಂದ ವಿಮಾನವನ್ನು ಚಿಮ್ಮಿಸುವ ಕ್ಯಾಟಪಲ್ಟ್ ಮೂರೂ ಬ್ರಿಟಿಷ್ ನೌಕಾದಳದವರು ಯುದ್ಧದ ನಂತರ ಕಂಡುಹಿಡಿದವು. ಹರ್ಕ್ಯುಲಿಸ್ ಹತ್ತು ವರ್ಷ ಖಾಲಿ ಬಿದ್ದದ್ದು ನಮಗೆ ಲಾಭವೇ ಆಯಿತು. ಮೊದಲೇ ಮುಗಿದಿದ್ದರೆ ಈ ಮೂರೂ ಅದರಲ್ಲಿ ಇರುತ್ತಿರಲಿಲ್ಲ, ಜೆಟ್ ಇಳಿಸುವ ಮಾತೂ ಇರುತ್ತಿರಲಿಲ್ಲ.

ವಿಕ್ರಾಂತ್ 1961ರ ನವೆಂಬರ್ 3ರಂದು ಮುಂಬೈ ಸೇರಿದಾಗ ಬರಮಾಡಿಕೊಂಡವರು ಸ್ವತಃ ನೆಹರೂ. ಅದರ ವಿಮಾನಗಳು ನೆಲದ ಮೇಲೆ ಎಲ್ಲಿರಬೇಕು? ಜೆಟ್‌ಗಳಿಗೆ ಉದ್ದನೆಯ ರನ್‌ವೇ ಬೇಕು. ಅಂಥ ಜಾಗ ಸಿಕ್ಕಿದ್ದು ಸೂಲೂರಿನಲ್ಲಿ. ಅಲ್ಲಿ 1961ರ ಸೆಪ್ಟೆಂಬರ್ 5ರಂದು ಐಎನ್‌ಎಸ್ ಹಂಸ ಎಂಬ ನೌಕಾ ವಿಮಾನ ನಿಲ್ದಾಣ ಆರಂಭವಾಯಿತು. ಕಡಲು ಎಲ್ಲಿ, ಸೂಲೂರು ಎಲ್ಲಿ! ಪಾಲಘಾಟ್ ಕಣಿವೆ ದಾಟಿ ಹೋದರೆ ಮಾತ್ರ ಅರಬ್ಬಿ ಸಮುದ್ರ. ಆದರೂ ಸುಮಾರು ಮೂರು ವರ್ಷ ಕೊಂಗುನಾಡಿನ ಹತ್ತಿ ಹೊಲಗಳ ಮೇಲೆ ನೌಕಾದಳದ ಜೆಟ್‌ಗಳು ಹಾರಾಡಿದವು. ಇಂದು ಸೂಲೂರು ವಾಯುಪಡೆಯ ನೆಲೆ ಎಂದೇ ಎಲ್ಲರಿಗೂ ಗೊತ್ತು. ಹಂಸ ಅಲ್ಲಿ ಹುಟ್ಟಿತು ಎಂಬುದನ್ನು ಸೇಲಂ, ಕೊಯಮತ್ತೂರು ಕಡೆಯವರೇ ಮರೆತಿದ್ದಾರೆ.

ಹಂಸ ಅಲ್ಲಿಂದ ಎದ್ದು ಹೋಗಲು ಕಾರಣ ಗೋವಾ. ವಿಕ್ರಾಂತ್ ಬಂದ ಮರು ತಿಂಗಳೇ ಗೋವಾ ವಿಮೋಚನೆಯ ಕಾರ್ಯಾಚರಣೆ ನಡೆಯಿತು. ಅದರಲ್ಲಿ ನೌಕಾದಳಕ್ಕೆ ಬಿದ್ದ ದೊಡ್ಡ ಪೆಟ್ಟು ಗೋವಾದ ದಡದಲ್ಲಲ್ಲ, ಕಾರವಾರದ ಎದುರಿಗಿರುವ ಅಂಜದೀವ್ ನಡುಗಡ್ಡೆಯಲ್ಲಿ. 1961ರ ಡಿಸೆಂಬರ್ 18ರಂದು ಮೈಸೂರು ಮತ್ತು ತ್ರಿಶೂಲ್ ಹಡಗುಗಳ ಬೆಂಬಲದಲ್ಲಿ ಅಲ್ಲಿಗೆ ಇಳಿದ ನಾವಿಕರ ಮೇಲೆ ಪೋರ್ಚುಗೀಸರು ಗುಂಡಿನ ಮಳೆ ಸುರಿಸಿದರು. ಏಳು ಮಂದಿ ನಾವಿಕರು ಸತ್ತರು. ನಡುಗಡ್ಡೆ ಕೊನೆಗೆ ವಶವಾಯಿತು. ಗೋವಾ ಕೈಗೆ ಬಂದ ಮೇಲೆ ದಾಬೋಲಿಂ ವಿಮಾನ ನಿಲ್ದಾಣ ನೌಕಾದಳಕ್ಕೆ ಸಿಕ್ಕಿತು, 1964ರಲ್ಲಿ ಹಂಸ ಅಲ್ಲಿಗೆ ಹೋಯಿತು. ಗೋವಾಕ್ಕೆ ರಜೆಗೆ ಹೋಗುವವರು ವಿಮಾನದಿಂದ ಇಳಿಯುವ ದಾಬೋಲಿಂ ಈಗಲೂ ನೌಕಾದಳದ್ದೇ.

ಇನ್ನು ಮುಖ್ಯ ಮಾತು. ಭಾರತೀಯ ನೌಕಾದಳದಲ್ಲಿ ಪೈಲಟ್ ಎಂಬುದು ಬೇರೆ ಜಾತಿಯಲ್ಲ. ಆತ ಮೊದಲು ಕಡಲಿನ ಅಧಿಕಾರಿ. ಹಡಗಿನ ಬ್ರಿಜ್ ಮೇಲೆ ನಿಂತು ಹಗಲಿರುಳು ಪಹರೆ ಕಾಯಲು ಕಲಿತವನು. ಹಾರುವುದನ್ನು ಆಮೇಲೆ ಕಲಿಯುತ್ತಾನೆ. ಕೆಲವು ವರ್ಷ ಸ್ಕ್ವಾಡ್ರನ್‌ನಲ್ಲಿ ಹಾರಿ, ಮತ್ತೆ ಹಡಗಿಗೆ ಬರಬೇಕು. ಮತ್ತೆ ಹಾರಬೇಕು, ಮತ್ತೆ ಹಡಗು. ಹಾರುವ ಹುಚ್ಚು ಹಿಡಿದವರಿಗೆ ಇದು ಬೇಸರದ ಸಂಗತಿ ಎಂಬುದರಲ್ಲಿ ಸಂಶಯವಿಲ್ಲ. ಕೈ ಪಳಗಿದ ಹೊತ್ತಿಗೆ ಕಾಕ್‌ಪಿಟ್ ಬಿಟ್ಟು ಯಾವುದೋ ಫ್ರಿಗೇಟ್‌ನಲ್ಲಿ ಲಂಗರು, ರಾಡಾರ್, ನಾವಿಕರ ರಜೆ ಅರ್ಜಿ ನೋಡಿಕೊಂಡು ಕೂರಬೇಕು ಎಂದರೆ ಯಾರಿಗೆ ಹಿತ? ಆದರೆ ಸಂಸ್ಥೆಗೆ ಇದರಿಂದ ಆದ ಉಪಕಾರ ದೊಡ್ಡದು. ವಿಮಾನವಾಹಕ ಹಡಗಿನ ಕ್ಯಾಪ್ಟನ್‌ಗೆ ಡೆಕ್ಕಿನ ಮೇಲೆ ಇಳಿಯುವವನ ಎದೆಬಡಿತವೂ ಗೊತ್ತಿರಬೇಕು, ಬಾಯ್ಲರಿನ ಒತ್ತಡವೂ ಗೊತ್ತಿರಬೇಕು.

ತಹಿಲಿಯಾನಿ ಈ ದಾರಿಯಲ್ಲೇ ನಡೆದರು. 1930ರಲ್ಲಿ ಹುಟ್ಟಿ, ಇಪ್ಪತ್ತರ ವಯಸ್ಸಿಗೆ ನೌಕಾದಳದ ಅಧಿಕಾರಿಯಾದವರು. ಬಿಳಿ ಹುಲಿಗಳ ಸ್ಕ್ವಾಡ್ರನ್ನಿನ ನಾಯಕರಾದರು. ನೌಕಾದಳದ ಮೊದಲ ಟೆಸ್ಟ್ ಪೈಲಟ್ ಎಂಬ ಹೆಸರೂ ಅವರಿಗಿದೆ. ಟೆಸ್ಟ್ ಪೈಲಟ್ ಎಂದರೆ ಸಾಹಸಿ ಎಂದು ಸಿನಿಮಾದವರು ತೋರಿಸುತ್ತಾರೆ. ನಿಜಕ್ಕೂ ಆತ ಒಂದು ಬಗೆಯ ಲೆಕ್ಕಿಗ. ವಿಮಾನ ಎಷ್ಟು ವೇಗದಲ್ಲಿ ನಡುಗಿತು, ಯಾವ ಕೋನದಲ್ಲಿ ಮಾತು ಕೇಳಲಿಲ್ಲ ಎಂಬುದನ್ನು ತೊಡೆಗೆ ಕಟ್ಟಿದ ಹಲಗೆಯ ಮೇಲೆ ಬರೆದು ತಂದು ಎಂಜಿನಿಯರ್‌ಗಳ ಮುಂದೆ ಇಡುವುದು ಅವನ ಕೆಲಸ. ಆಮೇಲೆ ಹಡಗುಗಳ ನಾಯಕತ್ವ ಬಂತು. ಕೊನೆಗೆ, ತಾವು ಲೆಫ್ಟಿನೆಂಟ್ ಆಗಿದ್ದಾಗ ಇಳಿದ ಅದೇ ವಿಕ್ರಾಂತ್‌ಗೆ ಕ್ಯಾಪ್ಟನ್ ಆಗಿ ಬಂದರು.

ಈ ನಡುವೆ 1971ರ ಯುದ್ಧ ನಡೆದಿತ್ತು. ವಿಕ್ರಾಂತ್‌ಗೆ ಹೆಸರು ತಂದ ಯುದ್ಧ ಅದು. ಹಡಗು ಮಾತ್ರ ಆಗ ಆರೋಗ್ಯವಾಗಿರಲಿಲ್ಲ. ಒಂದು ಬಾಯ್ಲರ್ ಬಿರುಕು ಬಿಟ್ಟು, ಹಡಗು ಪೂರ್ತಿ ವೇಗದಲ್ಲಿ ಓಡುವಂತಿರಲಿಲ್ಲ. ಓಟ ಕಡಿಮೆಯಾದರೆ ಡೆಕ್ಕಿನ ಮೇಲಿನ ಗಾಳಿ ಕಡಿಮೆ, ಗಾಳಿ ಕಡಿಮೆಯಾದರೆ ತುಂಬಿದ ಬಾಂಬಿನೊಂದಿಗೆ ವಿಮಾನ ಚಿಮ್ಮಿಸುವುದು ಕಷ್ಟ. ಹೀಗಿದ್ದರೂ ಡಿಸೆಂಬರ್ 4ರಂದು ಬಂಗಾಳ ಕೊಲ್ಲಿಯಿಂದ ಹಾರಿದ ಸೀ ಹಾಕ್‌ಗಳು ಕಾಕ್ಸ್ ಬಜಾರ್ ಮತ್ತು ಚಿತ್ತಗಾಂಗ್ ಮೇಲೆ ದಾಳಿ ಮಾಡಿದವು. ಬಿಳಿ ಹುಲಿಗಳ ನಾಯಕ ಎಸ್. ಕೆ. ಗುಪ್ತ ಅವರಿಗೂ ಹಡಗಿನ ಕ್ಯಾಪ್ಟನ್ ಸ್ವರಾಜ್ ಪ್ರಕಾಶ್ ಅವರಿಗೂ ಮಹಾವೀರ ಚಕ್ರ ಸಂದಿತು. ವಿಮಾನವಾಹಕ ಹಡಗು ಬಡದೇಶಕ್ಕೆ ದುಬಾರಿ ಆಟಿಕೆ ಎಂದು ಹತ್ತು ವರ್ಷ ಹೇಳುತ್ತ ಬಂದವರ ಬಾಯಿ ಅಲ್ಲಿಗೆ ಕಟ್ಟಿತು. 1976ರಲ್ಲಿ ಇನ್ನೊಂದು ಗೆಲುವು ಸಿಕ್ಕಿತು, ಗುಂಡು ಹಾರದೆ, ದೆಹಲಿಯ ಕಚೇರಿಗಳಲ್ಲಿ. ಕಡಲಿನ ಮೇಲೆ ದೂರ ಹಾರಿ ಕಣ್ಣಿಡುವ ಕೆಲಸ ಅಲ್ಲಿಯವರೆಗೆ ವಾಯುಪಡೆಯದಾಗಿತ್ತು. ಅದರ ಸೂಪರ್ ಕಾನ್‌ಸ್ಟಲೇಷನ್ ವಿಮಾನಗಳು ಆ ವರ್ಷ ನೌಕಾದಳಕ್ಕೆ ವರ್ಗವಾದವು. ಬ್ರಿಟನ್ನಿನ ಆ ಹಳೆಯ ಜಗಳ ನಮ್ಮಲ್ಲಿ ಹೀಗೆ ಸಣ್ಣ ಪ್ರಮಾಣದಲ್ಲಿ ನಡೆದು, ನೌಕಾದಳದ ಕಡೆಗೆ ತೀರ್ಮಾನವಾಯಿತು.

ತಹಿಲಿಯಾನಿ ಮುಖ್ಯಸ್ಥರಾದದ್ದು ಇಂದಿರಾ ಗಾಂಧಿಯವರ ಹತ್ಯೆ ನಡೆದ ಒಂದು ತಿಂಗಳಿಗೆ. ಅವರಿಗೆ ಮುಂಚೆ ಆ ಜಾಗದಲ್ಲಿದ್ದವರು ಅಡ್ಮಿರಲ್ ಆಸ್ಕರ್ ಸ್ಟಾನ್ಲಿ ಡಾಸನ್. ನಿವೃತ್ತಿಯ ನಂತರ ಬೆಂಗಳೂರಿನಲ್ಲಿ ನೆಲೆಸಿ, 2011ರಲ್ಲಿ ಅಲ್ಲಿಯೇ ತೀರಿಕೊಂಡವರು. ಮುಂಬೈ ಬಂದರು ಕಿಕ್ಕಿರಿದಿದೆ, ವ್ಯಾಪಾರಿ ಹಡಗುಗಳ ನಡುವೆ ಯುದ್ಧನೌಕೆಗಳು ಉಸಿರು ಕಟ್ಟಿ ನಿಂತಿವೆ, ಪಶ್ಚಿಮ ಕರಾವಳಿಯಲ್ಲಿ ನೌಕಾದಳಕ್ಕೆ ಸ್ವಂತದ್ದೇ ಆದ ಬಂದರು ಬೇಕು ಎಂದು ಕಾರವಾರದತ್ತ ಬೆರಳು ಮಾಡಿದವರಲ್ಲಿ ಡಾಸನ್ ಪ್ರಮುಖರು. ಬೆಟ್ಟದ ಮರೆ, ಆಳದ ನೀರು, ಎದುರಿಗೆ ನಡುಗಡ್ಡೆಗಳ ಕಾವಲು ಎಲ್ಲವೂ ಅಲ್ಲಿದ್ದವು. ಸೀಬರ್ಡ್ ಎಂಬ ಆ ಯೋಜನೆಗೆ 1986ರ ಅಕ್ಟೋಬರ್ 24ರಂದು ಪ್ರಧಾನಿ ರಾಜೀವ್ ಗಾಂಧಿ ಶಂಕುಸ್ಥಾಪನೆ ಮಾಡಿದಾಗ ನೌಕಾದಳದ ಮುಖ್ಯಸ್ಥರು ತಹಿಲಿಯಾನಿ.

ಅವರ ಅವಧಿಯ ಇನ್ನೊಂದು ದೊಡ್ಡ ಕೆಲಸ ಎರಡನೆಯ ವಿಮಾನವಾಹಕ ಹಡಗು. ಬ್ರಿಟನ್ ಫಾಕ್‌ಲ್ಯಾಂಡ್ ಯುದ್ಧದಲ್ಲಿ ದಂಡನಾಯಕ ಹಡಗಾಗಿ ಬಳಸಿದ ಹರ್ಮಿಸ್ ಮಾರಾಟಕ್ಕಿತ್ತು. ಭಾರತ 1986ರಲ್ಲಿ ಅದನ್ನು ಕೊಂಡಿತು. 1987ರ ಮೇ 12ರಂದು ಅದು ಐಎನ್‌ಎಸ್ ವಿರಾಟ್ ಆಯಿತು. ಅದರ ಮೊದಲ ಭಾರತೀಯ ಕ್ಯಾಪ್ಟನ್ ವಿನೋದ್ ಪಸ್ರಿಚಾ ಕೂಡ ನೌಕಾ ಪೈಲಟ್. ಹಳೆಯ ಸೀ ಹಾಕ್‌ಗಳ ಜಾಗಕ್ಕೆ ನೇರ ಕೆಳಕ್ಕೆ ಇಳಿಯಬಲ್ಲ ಸೀ ಹ್ಯಾರಿಯರ್‌ಗಳು ಅದಾಗಲೇ ಬಂದಿದ್ದವು. 1983ರ ಡಿಸೆಂಬರ್‌ನಲ್ಲಿ ಅದನ್ನು ಮೊದಲು ವಿಕ್ರಾಂತ್ ಮೇಲೆ ಇಳಿಸಿದ ಅರುಣ್ ಪ್ರಕಾಶ್ ಮುಂದೆ 2004ರಲ್ಲಿ ನೌಕಾದಳದ ಮುಖ್ಯಸ್ಥರಾದರು. ಎರಡು ಹೊಸ ಬಗೆಯ ವಿಮಾನಗಳನ್ನು ಡೆಕ್ ಮೇಲೆ ಮೊದಲು ಇಳಿಸಿದ ಇಬ್ಬರೂ ಆ ಕುರ್ಚಿಗೆ ಬಂದದ್ದು ಬರೀ ಕಾಕತಾಳೀಯ ಎಂದು ನನಗೆ ಅನ್ನಿಸುವುದಿಲ್ಲ. ಹಾರುವವರನ್ನು ಹಡಗಿಗೂ ಹೊಂದಿಸಿದ ಪದ್ಧತಿಯ ಫಲ ಅದು. 2019ರಲ್ಲಿ ಮುಖ್ಯಸ್ಥರಾದ ಕರಂಬೀರ್ ಸಿಂಗ್ ಹೆಲಿಕಾಪ್ಟರ್ ಪೈಲಟ್. ಬೆಂಗಳೂರಿನಲ್ಲಿ ತಯಾರಾಗುವ ಚೇತಕ್ ಅವರ ಕೈ ಪಳಗಿಸಿದ ಯಂತ್ರಗಳಲ್ಲಿ ಒಂದು.

ಕಾರವಾರದ ಕಥೆಗೆ ಇನ್ನೊಂದು ಮುಖವಿದೆ. ಅದನ್ನು ಬಿಟ್ಟು ಬರೆದರೆ ಮೇಟೂರು ಕಡೆಯ ಓದುಗರು ಒಪ್ಪಲಾರರು. ಸೀಬರ್ಡ್‌ಗೆ ಬೇಕಾದದ್ದು ಸುಮಾರು 11 ಸಾವಿರ ಎಕರೆ. ಕಾರವಾರ, ಅಂಕೋಲಾ ತಾಲ್ಲೂಕುಗಳ ಕರಾವಳಿಯ ಊರುಗಳು, ಗದ್ದೆ, ತೆಂಗಿನ ತೋಟ, ಮೀನುಗಾರರ ದೋಣಿ ಎಳೆಯುವ ಮರಳದಂಡೆ ಎಲ್ಲ ಅದರಲ್ಲಿ ಹೋದವು. ಅರಗ, ಬಿಣಗಾ ಕಡೆಯ ಸಾವಿರಾರು ಕುಟುಂಬಗಳು ಎದ್ದು ಬೇರೆಡೆಗೆ ಹೋದವು. ಪರಿಹಾರದ ತಕರಾರುಗಳು ಕೋರ್ಟುಗಳಲ್ಲಿ ದಶಕಗಳ ಕಾಲ ನಡೆದವು. 1934ರಲ್ಲಿ ಮುಗಿದ ಮೇಟೂರು ಅಣೆಕಟ್ಟಿನ ಹಿನ್ನೀರಿನಲ್ಲಿ ಊರು ಕಳೆದುಕೊಂಡವರ ಮೊಮ್ಮಕ್ಕಳು ಮರಿಮಕ್ಕಳು ನಮ್ಮ ನಡುವೆ ಇದ್ದಾರೆ. ನೀರು ಇಳಿದ ವರ್ಷ ಪಣ್ಣವಾಡಿಯಲ್ಲಿ ಜಲಕಂಠೇಶ್ವರನ ಗುಡಿಯ ನಂದಿ ಮೇಲೆದ್ದು ಕಾಣುತ್ತದೆ. ಹೀಗಾಗಿ ದೇಶಕ್ಕೆ ಬೇಕಾದದ್ದು ಎಂಬ ಮಾತಿಗೆ ಕೊಡಬೇಕಾದ ಬೆಲೆ ಏನು, ಅದನ್ನು ಯಾರು ಕೊಡುತ್ತಾರೆ ಎಂಬುದನ್ನು ನಮಗೆ ಯಾರೂ ಹೇಳಿಕೊಡಬೇಕಿಲ್ಲ. ನೌಕಾನೆಲೆ ಬೇಕಿತ್ತು, ಅದರಲ್ಲಿ ಎರಡು ಮಾತಿಲ್ಲ. ಬಿಟ್ಟುಕೊಟ್ಟವರನ್ನು ಅಷ್ಟು ವರ್ಷ ಅಲೆಸಿದ್ದು ಮಾತ್ರ ತಪ್ಪು.

ಶಂಕುಸ್ಥಾಪನೆಯಾದ ಮೇಲೆ ಹಣವಿಲ್ಲದೆ ಯೋಜನೆ ನೆನೆಗುದಿಗೆ ಬಿತ್ತು. ಅದನ್ನು ಮತ್ತೆ ಎಬ್ಬಿಸಿದವರಲ್ಲಿ ಒಬ್ಬರು ಮಂಗಳೂರಿನ ಜಾರ್ಜ್ ಫರ್ನಾಂಡಿಸ್, ರಕ್ಷಣಾ ಸಚಿವರಾಗಿದ್ದಾಗ. ಅವರೂ ತಹಿಲಿಯಾನಿಯಂತೆ 1930ರಲ್ಲಿ ಹುಟ್ಟಿದವರು. 2005ರ ಮೇ 31ರಂದು ನೆಲೆ ಐಎನ್‌ಎಸ್ ಕದಂಬ ಎಂಬ ಹೆಸರಿನಲ್ಲಿ ನೌಕಾದಳ ಸೇರಿತು. ಬನವಾಸಿಯ ಅರಸರ ಹೆಸರು, ಅವರದೇ ಸೀಮೆಯಲ್ಲಿ. ಹತ್ತು ಸಾವಿರ ಟನ್ ತೂಕದ ಹಡಗನ್ನು ನೀರಿನಿಂದ ಎತ್ತಿ ನೆಲದ ಮೇಲಿನ ರಿಪೇರಿ ಅಂಗಳಕ್ಕೆ ಸಾಗಿಸುವ ಯಂತ್ರ ಅಲ್ಲಿದೆ. 2013ರಲ್ಲಿ ರಷ್ಯಾದಲ್ಲಿ ನೌಕಾದಳ ಸೇರಿದ ವಿಕ್ರಮಾದಿತ್ಯ ಮರುವರ್ಷದ ಜನವರಿಯಲ್ಲಿ ಬಂದು ಲಂಗರು ಹಾಕಿದ್ದು ಇಲ್ಲಿ. 2020ರ ಜನವರಿ 11ರಂದು ಅದೇ ಹಡಗಿನ ಮೇಲೆ ಬೆಂಗಳೂರಿನಲ್ಲಿ ರೂಪುಗೊಂಡ ತೇಜಸ್‌ನ ನೌಕಾ ಮಾದರಿಯನ್ನು ಕಮೊಡೋರ್ ಜೈದೀಪ್ ಮಾವಳಣಕರ್ ಇಳಿಸಿದರು. ನಮ್ಮಲ್ಲೇ ರೂಪಿಸಿದ ಯುದ್ಧ ವಿಮಾನವೊಂದು ನಮ್ಮ ಹಡಗಿನ ತಂತಿಗೆ ಕೊಕ್ಕೆ ಹಾಕಿದ್ದು ಆಗಲೇ. 1961ರ ಆ ಮೇ ತಿಂಗಳಿಂದ ಇಲ್ಲಿಗೆ ಬರಲು ಸುಮಾರು ಅರವತ್ತು ವರ್ಷ ಹಿಡಿಯಿತು. ನಿಧಾನವಾಯಿತು ಎನ್ನುವವರಿಗೆ ನಾನು ಎದುರು ಹೇಳುವುದಿಲ್ಲ.

ತಹಿಲಿಯಾನಿಯವರು ಈ ಕೊನೆಯದನ್ನು ನೋಡಲು ಇರಲಿಲ್ಲ. 1987ರ ನವೆಂಬರ್ 30ರಂದು ನಿವೃತ್ತರಾದರು. ಅದೇ ವರ್ಷದ ಮಧ್ಯದಲ್ಲಿ ಶ್ರೀಲಂಕಾಕ್ಕೆ ಶಾಂತಿಪಾಲನಾ ಪಡೆ ಹೊರಟಾಗ ಅದರ ಸೈನಿಕರನ್ನೂ ಸಾಮಗ್ರಿಯನ್ನೂ ಸಾಗಿಸುವ ಹೊರೆ ಅವರ ಹಡಗುಗಳ ಮೇಲೆ ಬಿದ್ದಿತ್ತು. ಆ ಕಾರ್ಯಾಚರಣೆಯ ಸಿಹಿಕಹಿ ತಮಿಳುನಾಡಿನಲ್ಲಿ ಇರುವ ನಮಗೆ ಬೇರೆ ಹೇಳಬೇಕಿಲ್ಲ. ನಂತರ 1990ರಿಂದ 1994ರವರೆಗೆ ಸಿಕ್ಕಿಂ ರಾಜ್ಯಪಾಲರಾಗಿದ್ದರು. ಆಮೇಲೆ ಭ್ರಷ್ಟಾಚಾರದ ಮೇಲೆ ಕಣ್ಣಿಡುವ ಟ್ರಾನ್ಸ್‌ಪರೆನ್ಸಿ ಇಂಟರ್‌ನ್ಯಾಷನಲ್ ಸಂಸ್ಥೆಯ ಭಾರತ ಘಟಕದ ಅಧ್ಯಕ್ಷರಾಗಿ ದುಡಿದರು. ನಿವೃತ್ತ ಸೇನಾಧಿಕಾರಿಗಳಲ್ಲಿ ಅನೇಕರು ಶಸ್ತ್ರಾಸ್ತ್ರ ಕಂಪನಿಗಳ ಸಲಹೆಗಾರರಾಗುವ ಕಾಲದಲ್ಲಿ ಇವರು ಹಿಡಿದ ದಾರಿ ಬೇರೆ ಎಂಬುದನ್ನು ಗುರುತಿಸಬೇಕು. ಬಟ್ಟೆಯ ವಿನ್ಯಾಸಕ್ಕೆ ದೇಶವಿದೇಶಗಳಲ್ಲಿ ಹೆಸರಾದ ತರುಣ್ ತಹಿಲಿಯಾನಿ ಇವರ ಮಗ. ನೇಯ್ಗೆಯ ಊರಿನ ನಮಗೆ ಅಡ್ಮಿರಲ್‌ಗಿಂತ ಮಗನ ಹೆಸರೇ ಮೊದಲು ಕಿವಿಗೆ ಬಿದ್ದಿರಲಿಕ್ಕೂ ಸಾಕು. ಅಡ್ಮಿರಲ್ 2015ರ ಅಕ್ಟೋಬರ್‌ನಲ್ಲಿ ತೀರಿಕೊಂಡರು.

ಅವರು ಇಳಿದ ವಿಕ್ರಾಂತ್ 1997ರಲ್ಲಿ ಸೇವೆಯಿಂದ ನಿವೃತ್ತಿಯಾಗಿ, ಮುಂಬೈಯಲ್ಲಿ ಕೆಲವು ವರ್ಷ ಮ್ಯೂಸಿಯಂ ಆಗಿ ನಿಂತು, 2014ರಲ್ಲಿ ಗುಜರಿಗೆ ಹೋಯಿತು. ಒಂದು ಹಡಗನ್ನು ಉಳಿಸಿಕೊಳ್ಳಲು ಆಗದ ನಮ್ಮ ಇತಿಹಾಸಪ್ರಜ್ಞೆಯ ಬಗ್ಗೆ ಹೆಚ್ಚು ಹೇಳದಿರುವುದೇ ವಾಸಿ. ಅದೇ ಹೆಸರಿನ ಹೊಸ ಹಡಗು ಕೊಚ್ಚಿಯಲ್ಲಿ ಕಟ್ಟಿ ಮುಗಿದು 2022ರ ಸೆಪ್ಟೆಂಬರ್ 2ರಂದು ನೌಕಾದಳ ಸೇರಿದೆ. ನಮ್ಮ ಹುಡುಗರಿಗೆ ಹತ್ತಿರದಲ್ಲಿ ನೋಡಲು ಸಿಗುವುದು ಇನ್ನೊಂದಿದೆ. 1988ರಲ್ಲಿ ಬಂದ ಟುಪೊಲೆವ್-142 ಎಂಬ ದೈತ್ಯ ವಿಮಾನಗಳು 1992ರಿಂದ ಅರಕ್ಕೋಣದ ಐಎನ್‌ಎಸ್ ರಾಜಾಳಿಯಿಂದ ಹಾರುತ್ತಿದ್ದವು, 2017ರಲ್ಲಿ ನಿವೃತ್ತಿಯಾದವು. ಅವುಗಳಲ್ಲಿ ಒಂದನ್ನು ಅರಕ್ಕೋಣದಲ್ಲಿ ಬಿಚ್ಚಿ, ರಸ್ತೆಯ ಮೇಲೆ ಲಾರಿಗಳಲ್ಲಿ ಕಾರವಾರಕ್ಕೆ ಸಾಗಿಸಿ, ಟಾಗೋರ್ ಕಡಲತೀರದಲ್ಲಿ ಚಾಪಲ್ ಯುದ್ಧನೌಕೆಯ ಪಕ್ಕದಲ್ಲಿ ಮತ್ತೆ ಜೋಡಿಸಿ ನಿಲ್ಲಿಸಿದ್ದಾರೆ. ಗೋಕರ್ಣ, ಬನವಾಸಿ ಯಾತ್ರೆಗೆ ಹೊರಡುವವರು ಒಂದು ಹೊತ್ತು ಕಾರವಾರಕ್ಕೂ ಇಟ್ಟುಕೊಳ್ಳಿ, ಮಕ್ಕಳನ್ನು ಕರೆದುಕೊಂಡು ಹೋಗಿ.